ಒಲೆಯ ಮಾಸ್ತರರು

ಮಾನ್ಮತ್ ಜಂಕ್ಷನ್, ನ್ಯೂಜೆರ್ಸಿ
೨ ಫೆಬ್ರುವರಿ ೨೦೨೪

ಪ್ರೀತಿಯ ಹನ್ನಾ ಅತ್ತೆಗೆ ಸೌಜನ್ಯಾಳ ನಮಸ್ಕಾರಗಳು.

ಅಪ್ಪ ಹೋದ ಮೇಲೆ ನಿಮಗೆ ಕ್ರಿಸ್‌ಮಸ್ ಕಾರ್ಡ್ ಬಿಟ್ಟು ಬೇರೇನೂ ಬರೆದಿರಲಿಲ್ಲ. ಈಗ ಬರೆಯುತ್ತಿರುವುದೂ ಕೆಲಸವಿದ್ದುದಕ್ಕೇ, ಬೈದುಕೊಳ್ಳಬೇಡಿ. ನನ್ನ ಮಗಳು ಅನಿಕಾಗೆ ಹೈಸ್ಕೂಲಿನ ಹಿಸ್ಟರಿ ಕ್ಲಾಸಿನಲ್ಲಿ ಒಂದು ಪ್ರಾಜೆಕ್ಟ್ ಕೊಟ್ಟಿದ್ದಾರೆ. ಯುದ್ಧ ಮುಗಿದ ಮೇಲಿನ ದಿನಗಳನ್ನು ಕಣ್ಣಾರೆ ಕಂಡವರೊಬ್ಬರನ್ನು ಕೇಳಿ ಬರೆಯಬೇಕಂತೆ. ಉಳಿದ ಮಕ್ಕಳು ವೃದ್ಧಾಶ್ರಮಗಳಿಗೆ ಫೋನ್ ಮಾಡುತ್ತಿದ್ದಾರೆ. ನಾನು ಹೇಳಿದೆ: ನಮ್ಮ ಬೆಟಗೇರಿಯಲ್ಲಿ ಹುಟ್ಟಿದ, ನನ್ನ ಅಜ್ಜಿ ದೇವಮ್ಮನ ಕೈತುತ್ತು ತಿಂದು ಬೆಳೆದ ಜರ್ಮನ್ ಅತ್ತೆ ಒಬ್ಬರಿದ್ದಾರೆ, ಹನ್ನೊಂದು ವರ್ಷಕ್ಕೆ ಜರ್ಮನಿಗೆ ಹೋಗಿ ಅಲ್ಲಿಯ ಹೈಸ್ಕೂಲು ಸೇರಿದವರು, ಇವತ್ತಿಗೂ ಕನ್ನಡದಲ್ಲಿ ಕಾಗದ ಬರೆಯುತ್ತಾರೆ ಅಂತ. "ಅಮ್ಮಾ, ಆರ್ ಯು ಮೇಕಿಂಗ್ ದಿಸ್ ಅಪ್?" ಅಂದಳು. ನಿಮ್ಮ ಹಳೆಯ ಕಾಗದ ತೋರಿಸಿದ ಮೇಲೆ ಬಾಯಿ ಮುಚ್ಚಿದಳು.

ಅವಳ ಪ್ರಶ್ನೆಗಳು ಮೂರೇ. ಶಾಲೆಯಲ್ಲಿ ಒಂದು ಸಾಮಾನ್ಯ ದಿನ ಹೇಗಿರುತ್ತಿತ್ತು? ಏನು ತಿನ್ನುತ್ತಿದ್ದಿರಿ? ಮೇಷ್ಟ್ರು ಹೇಗಿದ್ದರು?

ಇಲ್ಲಿ ಎಲ್ಲ ಕ್ಷೇಮ. ನಾನು ಅದೇ ಔಷಧ ಕಂಪನಿಯಲ್ಲಿ ದಾಖಲೆ ಪರೀಕ್ಷಿಸುವ ಕೆಲಸದಲ್ಲಿದ್ದೇನೆ. ನಮ್ಮಲ್ಲಿ ಒಂದು ಮಾತಿದೆ: ಬರೆದಿಲ್ಲವೆಂದರೆ ಆಗಿಲ್ಲ. ಅನಿಕಾಗೂ ಅದನ್ನೇ ಕಲಿಸಿದ್ದೇನೆ. ಅವಳ ಕೆಮಿಸ್ಟ್ರಿ ಲ್ಯಾಬ್ ನೋಟ್‌ಬುಕ್ ನೋಡಬೇಕು ನೀವು! ಪೆನ್ನಿನಲ್ಲೇ ಬರೆಯುತ್ತಾಳೆ, ಪ್ರತಿಯೊಂದಕ್ಕೂ ತಾರೀಖು, ಸಮಯ ಹಾಕುತ್ತಾಳೆ. ತಪ್ಪಾದರೆ ಅಳಿಸುವುದಿಲ್ಲ, ಒಂದೇ ಗೆರೆ ಎಳೆದು, ಕೆಳಗೆ ಸರಿಯಾದದ್ದು ಬರೆದು, ಮತ್ತೆ ತಾರೀಖು. ಕೆಮಿಸ್ಟ್ರಿ ಮೇಷ್ಟ್ರು ಮಿಸ್ಟರ್ ಹ್ಯಾಲರನ್‌ಗೆ ಅವಳೆಂದರೆ ಪ್ರಾಣ. ಅವರು ಬರೆಯುವ ಶಿಫಾರಸು ಪತ್ರದ ಮೇಲೆ ಅವಳ ಕಾಲೇಜಿನ ಭವಿಷ್ಯವೆಲ್ಲ ನಿಂತಿದೆ ಅನ್ನಿ.

ನಿಮ್ಮ ಕಣ್ಣಿಗೆ ಕಂಪ್ಯೂಟರ್ ಆಗುವುದಿಲ್ಲವೆಂದು ಅಪ್ಪ ಹೇಳುತ್ತಿದ್ದರು, ಅದಕ್ಕೇ ಅಂಚೆ. ನಿಧಾನವಾಗಿ ಬರೆಯಿರಿ.

ನಿಮ್ಮ
ಸೌಜನ್ಯಾ

*

ಸ್ಟುಟ್‌ಗಾರ್ಟ್ ಬಳಿಯಿಂದ
೧೯ ಫೆಬ್ರುವರಿ ೨೦೨೪

ಪ್ರೀತಿಯ ಸೌಜನ್ಯಾ,

ಕೆಲಸವಿದ್ದಾಗ ಬರೆದರೂ ಬರೆದೆಯಲ್ಲ, ಸಂತೋಷ. ನನಗೀಗ ಎಂಬತ್ತೆಂಟು. ನನ್ನ ಕನ್ನಡ ಬೆಟಗೇರಿಯ ಮಿಷನ್ ಶಾಲೆಯಲ್ಲಿ ನಿಂತುಹೋದದ್ದು. ತಪ್ಪಿದ್ದರೆ ನಿನ್ನ ಮಗಳಂತೆ ಒಂದೇ ಗೆರೆ ಎಳೆ.

ಯುದ್ಧ ಶುರುವಾದಾಗ ಬ್ರಿಟಿಷರು ಮಿಷನ್ ಕೆಲಸಕ್ಕೆ ಬಂದಿದ್ದ ನನ್ನ ಅಪ್ಪನನ್ನು ಶತ್ರು ದೇಶದವನೆಂದು ಶಿಬಿರಕ್ಕೆ ಒಯ್ದರು. ನಾನು, ಅವ್ವ ಬೆಟಗೇರಿಯಲ್ಲೇ ಉಳಿದೆವು. ಯುದ್ಧ ಮುಗಿದ ಮರುವರ್ಷ ಎಲ್ಲರನ್ನೂ ಹಡಗು ಹತ್ತಿಸಿದರು. ಸ್ಟೇಷನ್ನಿನಲ್ಲಿ ನಿನ್ನ ಅಜ್ಜಿ "ಹನ್ನವ್ವಾ, ಥಂಡಿ ಭಾಳ ಅಂತ ಅಲ್ಲೆ, ಕಿವಿ ಮುಚ್ಚಿಕೋ" ಎಂದು ತನ್ನ ಸೆರಗಿನ ತುಂಡೊಂದನ್ನು ಹರಿದು ಕೊಟ್ಟಳು. ಅದೇ ಚೂರನ್ನು ಕಿವಿಗೆ ಸುತ್ತಿಕೊಂಡು ೧೯೪೭ರ ಜನವರಿಯಲ್ಲಿ ಇಲ್ಲಿಯ ಹೆಣ್ಣುಮಕ್ಕಳ ಹೈಸ್ಕೂಲಿಗೆ ಹೋದೆ.

ಅನಿಕಾ ಬರೆದುಕೊಳ್ಳಲಿ. ಹುಡುಗರ ಶಾಲೆ ಬಾಂಬಿಗೆ ಬಿದ್ದಿತ್ತು, ಅದಕ್ಕೇ ಒಂದೇ ಕಟ್ಟಡದಲ್ಲಿ ಎರಡು ಪಾಳಿ. ಒಂದು ವಾರ ನಾವು ಬೆಳಿಗ್ಗೆ, ಇನ್ನೊಂದು ವಾರ ಮಧ್ಯಾಹ್ನ. ಕಿಟಕಿಗಳಿಗೆ ಗಾಜಿರಲಿಲ್ಲ, ರಟ್ಟು ಬಡಿದಿದ್ದರು. ದೌತಿಯಲ್ಲಿನ ಶಾಯಿ ಹೆಪ್ಪುಗಟ್ಟುತ್ತಿತ್ತು. ಪ್ರತಿಯೊಬ್ಬಳೂ ಮನೆಯಿಂದ ಒಂದು ತುಂಡು ಕಲ್ಲಿದ್ದಲೋ ಕಟ್ಟಿಗೆಯೋ ತರಬೇಕು. ತರದವಳು ಒಲೆಯಿಂದ ದೂರದ ಬೆಂಚಿಗೆ. ಹಿಟ್ಲರನ ಹೊಗಳಿಕೆ ಎಂದು ಪುಸ್ತಕಗಳಲ್ಲಿ ಅರ್ಧ ಸಾಲುಗಳಿಗೆ ಮಸಿ ಬಳಿದಿದ್ದರು. ಚರಿತ್ರೆಯ ಪಾಠವೇ ಇರಲಿಲ್ಲ, ಏನು ಹೇಳಬೇಕೆಂದು ಯಾರಿಗೂ ತಿಳಿಯದು. ಹಾಜರಿಗೆ ಅಪ್ಪನ ಉದ್ಯೋಗ ಕೇಳಿದರೆ ಅರ್ಧ ಹುಡುಗಿಯರು "ಪತ್ತೆಯಿಲ್ಲ" ಎನ್ನುತ್ತಿದ್ದರು. ವಸಂತ ಬಂದ ಮೇಲೆ ಅಮೆರಿಕದವರು ಕಳಿಸಿದ ಹಿಟ್ಟಿನಲ್ಲಿ ಗಂಜಿ ಕಾಯಿಸಿ ಕೊಡತೊಡಗಿದರು. ತಂತಿ ಹಿಡಿಕೆಯ ಡಬ್ಬಿ ಹಿಡಿದು ಸಾಲು ನಿಲ್ಲುತ್ತಿದ್ದೆವು. ನಾನು ಡಬ್ಬಿಯನ್ನು ಬೆರಳಿನಿಂದ ಬಳಿದು ನೆಕ್ಕುತ್ತಿದ್ದೆ, ಬೆಟಗೇರಿಯಲ್ಲಿ ಕಲಿತಂತೆ. ಹುಡುಗಿಯರು ನಗುತ್ತಿದ್ದರು. ಆಮೇಲೆ ಅವರೂ ನೆಕ್ಕತೊಡಗಿದರು.

ನನಗೆ ಜರ್ಮನ್ ಮಾತು ಬರುತ್ತಿತ್ತು, ಬರೆಯಲು ಬರುತ್ತಿರಲಿಲ್ಲ. ನನ್ನನ್ನು ಉಳಿಸಿದವರು ಡಾಕ್ಟರ್ ಫೋಗ್ಟ್. ಲ್ಯಾಟಿನ್ ಮಾಸ್ತರರು. ಹಿಟ್ಲರನ ಪಕ್ಷದಲ್ಲಿದ್ದ ಮಾಸ್ತರರ ವಿಚಾರಣೆ ಮುಗಿಯುವವರೆಗೆ ಅವರು ಪಾಠ ಮಾಡುವ ಹಾಗಿರಲಿಲ್ಲ. ಆಳುಗಳಿಲ್ಲದ ಕಾಲ, ಶಾಲೆಯವರು ಅವರಿಗೆ ಒಲೆ ಉರಿಸುವ ಕೆಲಸ ಕೊಟ್ಟಿದ್ದರು. ನಾವು ಒಲೆಯ ಮಾಸ್ತರರು ಎನ್ನುತ್ತಿದ್ದೆವು. ದಿನವೂ ಪಾಳಿ ಶುರುವಾಗುವ ಮುಂಚೆ ಒಲೆಯ ಮುಂದೆ ಕೂರಿಸಿಕೊಂಡು ನನಗೆ ಅಕ್ಷರ ಕಲಿಸಿದರು. ತಮ್ಮ ಬ್ರೆಡ್ಡಿನಲ್ಲಿ ಅರ್ಧ ಕೊಡುತ್ತಿದ್ದರು. ಅವರ ಕೈಯೆಲ್ಲ ಬೂದಿ. ಅಷ್ಟು ತಾಳ್ಮೆಯ ಮಾಸ್ತರರನ್ನು ನಾನು ಮತ್ತೆ ಕಾಣಲಿಲ್ಲ.

ಇಷ್ಟು ಸಾಕಲ್ಲವೇ?

ನಿನ್ನ
ಹನ್ನಾ ಅತ್ತೆ

*

ಮಾನ್ಮತ್ ಜಂಕ್ಷನ್
೧೦ ಮಾರ್ಚ್ ೨೦೨೪

ಪ್ರೀತಿಯ ಅತ್ತೆ,

ನಿಮ್ಮ ಕಾಗದವನ್ನು ಊಟದ ಮೇಜಿನ ಮುಂದೆ ಜೋರಾಗಿ ಓದಿದೆ. ಸೆರಗಿನ ತುಂಡಿನ ಮಾತು ಬಂದಾಗ ನನ್ನವರು, ಬಸವಕಿರಣ್, ಎದ್ದು ಕೈ ತೊಳೆಯಲು ಹೋದರು, ಅಳು ತೋರಿಸಬಾರದಲ್ಲ. ಅನಿಕಾ ಪ್ರಾಜೆಕ್ಟಿನ ಮೊದಲ ಭಾಗಕ್ಕೆ ಎ ಪ್ಲಸ್ ತಂದಿದ್ದಾಳೆ. ಗುರು ಅಂದರೆ ನಿಮ್ಮ ಒಲೆಯ ಮಾಸ್ತರರ ಹಾಗಿರಬೇಕು. ನಮ್ಮ ಮಿಸ್ಟರ್ ಹ್ಯಾಲರನ್ ಅವರೂ ಹಾಗೇ. ಲಂಚ್ ಹೊತ್ತಿನಲ್ಲೂ ಮಕ್ಕಳಿಗೆ ಹೇಳಿಕೊಡುತ್ತಾರೆ, ವರ್ಷಕ್ಕೆ ಹತ್ತು ಮಕ್ಕಳನ್ನಾದರೂ ದೊಡ್ಡ ಕಾಲೇಜುಗಳಿಗೆ ಕಳಿಸುತ್ತಾರೆ. ಇಲ್ಲಿಯ ನಮ್ಮ ಜನರೆಲ್ಲ ಮಕ್ಕಳನ್ನು ಅವರ ಕ್ಲಾಸಿಗೇ ಹಾಕಿಸಲು ಒದ್ದಾಡುತ್ತಾರೆ. ದೀಪಾವಳಿಗೆ ನಾನೇ ಬೇಸನ್ ಉಂಡೆ ಮಾಡಿ ಕಳಿಸಿದ್ದೆ, "ಬೆಸ್ಟ್ ಥಿಂಗ್ ಐ ಹ್ಯಾವ್ ಈಟನ್" ಎಂದು ಚೀಟಿ ಬರೆದರು. ಅವರ ಹೆಂಡತಿಗೆ ಹುಷಾರಿಲ್ಲ, ಆದರೂ ಒಂದು ದಿನ ರಜೆ ಹಾಕುವುದಿಲ್ಲ. ಪಾಪ, ಈಗ ಅವರಿಗೊಂದು ತೊಂದರೆ. ಕಳೆದ ತಿಂಗಳು ಲ್ಯಾಬಿನಲ್ಲಿ ಡೇನಿಯಲ್ ಎಂಬ ಹುಡುಗನ ಎಡಗಣ್ಣಿಗೆ ಆಸಿಡ್ ಸಿಡಿಯಿತು. ಸೇಫ್ಟಿ ಕನ್ನಡಕ ತೆಗೆದಿಟ್ಟಿದ್ದನಂತೆ. ಹುಡುಗಾಟ.

ಅನಿಕಾ ಇನ್ನೊಂದು ಪ್ರಶ್ನೆ ಕೇಳುತ್ತಿದ್ದಾಳೆ: ಒಲೆಯ ಮಾಸ್ತರರ ವಿಚಾರಣೆ ಏನಾಯಿತು?

ನಿಮ್ಮ
ಸೌಜನ್ಯಾ

*

೨೮ ಮಾರ್ಚ್ ೨೦೨೪

ಪ್ರೀತಿಯ ಸೌಜನ್ಯಾ,

ಈಸ್ಟರ್ ಹಬ್ಬದ ಗಡಿಬಿಡಿ, ಚಿಕ್ಕದಾಗಿ ಬರೆಯುತ್ತೇನೆ. ವಿಚಾರಣೆಯಲ್ಲಿ ಸಣ್ಣ ದಂಡ ಹಾಕಿ ಬಿಟ್ಟರು. ಮತ್ತೆ ಲ್ಯಾಟಿನ್ ಕಲಿಸಿದರು. ನನಗೆ ಯುನಿವರ್ಸಿಟಿಗೆ ಶಿಫಾರಸು ಬರೆದುಕೊಟ್ಟವರೂ ಅವರೇ. ಅದರಿಂದಲೇ ನಾನು ಅದೇ ಶಾಲೆಯಲ್ಲಿ ಮೂವತ್ತಾರು ವರ್ಷ ಟೀಚರಾಗಿದ್ದೆ. ಬರೆಯಲು ಬೇರೇನೂ ಇಲ್ಲ.

ನಾನು ಮಾಸ್ತರಿಕೆ ಮಾಡಿದವಳು, ಕೆಂಪು ಪೆನ್ನಿನ ಚಟ ಹೋಗಿಲ್ಲ. ನಿನ್ನ ಕಾಗದದಲ್ಲಿ ಮಾಸ್ತರರಿಗೆ ಅರ್ಧ ಪುಟ, ಕಣ್ಣಿಗೆ ಆಸಿಡ್ ಬಿದ್ದ ಹುಡುಗನಿಗೆ ಮೂರು ಸಾಲು. ಆ ಹುಡುಗನ ಕಣ್ಣು ಹೇಗಿದೆ? ಕನ್ನಡಕ ತೆಗೆದಿಟ್ಟನೆಂದು ನೋಡಿದವರು ಯಾರು?

ಹನ್ನಾ ಅತ್ತೆ

*

ಮಾನ್ಮತ್ ಜಂಕ್ಷನ್
೧೪ ಏಪ್ರಿಲ್ ೨೦೨೪

ಅತ್ತೆ,

ನಿಮ್ಮ ಕೊನೆಯ ಪ್ರಶ್ನೆ ಓದಿ ನನಗೆ ಸಿಟ್ಟು ಬಂತು. ನಾಲ್ಕು ದಿನ ಕಾಗದವನ್ನು ಮೈಕ್ರೋವೇವ್ ಮೇಲೆ ಇಟ್ಟು ಮುಟ್ಟಲಿಲ್ಲ. ಈಗ ಬರೆಯುತ್ತೇನೆ, ಇಲ್ಲಿ ಬೇರೆ ಯಾರಿಗೂ ಹೇಳುವ ಹಾಗಿಲ್ಲ.

ನೋಡಿದವಳು ಅನಿಕಾ. ಅವನ ಪಕ್ಕದ ಮೇಜು ಅವಳದ್ದು. ಆ ದಿನ ಮೂರು ಕನ್ನಡಕ ಕಡಿಮೆ ಇದ್ದವಂತೆ. ಮಕ್ಕಳು ಹೇಳಿದರೆ ಮೇಷ್ಟ್ರು, ಪೀರಿಯಡ್ ಮುಗಿಯುತ್ತದೆ, ಹಾಗೇ ಮಾಡಿ ಮುಗಿಸಿ ಅಂದರಂತೆ. ಡೇನಿಯಲ್ ಏನನ್ನೂ ತೆಗೆದಿಡಲಿಲ್ಲ, ಅವನಿಗೆ ಕೊಟ್ಟೇ ಇರಲಿಲ್ಲ. ಇವಳು ಅದನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡಿದ್ದಾಳೆ. ತಾರೀಖು, ಹತ್ತು ಗಂಟೆ ಹನ್ನೆರಡು ನಿಮಿಷ, ಮೂರು ಕನ್ನಡಕ ಕಡಿಮೆ, ಯಾರಿಗೆ ಇಲ್ಲ, ಮೇಷ್ಟ್ರು ಏನೆಂದರು, ಎಲ್ಲ. ಆ ದಿನದ ಕೊನೆಗೆ ಅವರು ನೋಡದೆಯೇ ಎಲ್ಲರ ಪುಟಕ್ಕೂ ಸಹಿ ಹಾಕಿದ್ದಾರೆ, ಅನಿಕಾಳ ಆ ಪುಟದ ಮೇಲೂ ಅವರ ಸಹಿ ಇದೆ. ಹಾಗೆ ಬರೆಯುವುದನ್ನು ಕಲಿಸಿದವಳು ನಾನೇ.

ಈಗ ಸ್ಕೂಲಿನವರು ತಪ್ಪು ಡೇನಿಯಲ್ಲನದೇ ಅನ್ನುತ್ತಿದ್ದಾರೆ. ಬರಹದ ಪುರಾವೆ ಇಲ್ಲದೆ ಮಕ್ಕಳ ಬಾಯಿಮಾತನ್ನು ಒಪ್ಪುವುದಿಲ್ಲವಂತೆ. ಮೇ ಹದಿನಾಲ್ಕಕ್ಕೆ ವಿಚಾರಣೆ. ಆ ನೋಟ್‌ಬುಕ್ ನನ್ನ ಬಳಿ ಇದೆ. ನನ್ನ ಸೀರೆಗಳ ಸೂಟ್‌ಕೇಸಿನಲ್ಲಿ ಇಟ್ಟು ಬೀಗ ಹಾಕಿದ್ದೇನೆ. ಅನಿಕಾ ಕೇಳಿದಾಗ ಕಳೆದುಹೋಗಿರಬೇಕು ಅಂದೆ. "ಯು ಆರ್ ಲೈಯಿಂಗ್, ಅಮ್ಮಾ" ಅಂದಳು. ಅಷ್ಟೇ. ಮೂರು ವಾರದಿಂದ ನನ್ನೊಂದಿಗೆ ಮಾತಿಲ್ಲ. ತನ್ನ ತಟ್ಟೆ ತಾನೇ ತೊಳೆದುಕೊಂಡು ಮೇಲೆ ಹೋಗುತ್ತಾಳೆ. ಬಸವಕಿರಣ್ ಹೇಳುತ್ತಾರೆ: "ನಮಗ್ಯಾಕ ಬೇಕ ಊರ ಉಸಾಬರಿ? ಗ್ರೀನ್ ಕಾರ್ಡ್ ಬಂದಿಲ್ಲ ಇನ್ನೂ, ಇವಳ ಲೆಟರ್ ಬರೆಯಾಂವ ಅವನ. ಸುಮ್ನಿರೋಣ."

ಹೋದ ಶನಿವಾರ ಸಮರ್‌ಸೆಟ್‌ನ ಅಂಗಡಿಯಿಂದ ಅಕ್ಕಿ ಮೂಟೆ ಕಾರಿಗೆ ಹಾಕುತ್ತಿದ್ದೆ. ಡೇನಿಯಲ್ಲನ ತಾಯಿ ನನ್ನ ಗುರುತು ಹಿಡಿದು ಬಂದಳು. ಅಲ್ಲೇ ವೇರ್‌ಹೌಸಿನಲ್ಲಿ ಕೆಲಸವಂತೆ, ಕೈಯಲ್ಲಿ ಗ್ಲವ್ಸ್ ಹಾಗೇ ಇತ್ತು. ಅವನಿಗೆ ಆ ಕಣ್ಣಿನಲ್ಲಿ ಬೆಳಕು ಮಾತ್ರ ಕಾಣುತ್ತದೆ, ಆಕಾರ ಕಾಣುವುದಿಲ್ಲ ಅಂದಳು. ನಿಮ್ಮ ಮಗಳು ಏನಾದರೂ ನೋಡಿದಳಾ ಎಂದು ಕೇಳಿದಳು. ನಾನು ಇಲ್ಲ ಅಂದೆ. ಮೂಟೆ ಎತ್ತಲು ಅವಳೇ ಸಹಾಯ ಮಾಡಿದಳು.

ನಾನು ಮಾಡಿದ್ದು ಮಗಳಿಗಾಗಿ. ನೀವೂ ಟೀಚರ್, ಒಬ್ಬ ಒಳ್ಳೆಯ ಮೇಷ್ಟ್ರಿಂದ ಒಂದು ಜೀವ ಹೇಗೆ ದಡ ಸೇರುತ್ತದೆ ಎಂದು ನೀವೇ ಬರೆದಿದ್ದೀರಿ. ಒಂದು ಗಳಿಗೆಯ ತಪ್ಪಿಗೆ ಅಂಥವರನ್ನು ಬೀದಿಗೆ ತರಬೇಕೇ? ನಾನು ಮಾಡಿದ್ದು ಸರಿ ಅಂತ ಒಂದು ಸಾಲು ಬರೆಯಿರಿ. ಅನಿಕಾ ನಿಮ್ಮ ಮಾತು ಕೇಳುತ್ತಾಳೆ.

ಸೌಜನ್ಯಾ

*

೨ ಮೇ ೨೦೨೪

ಸೌಜನ್ಯಾ ಮಗಳೇ,

ಆ ಸಾಲು ನಾನು ಬರೆಯಲಾರೆ. ಅದರ ಬದಲು, ನನ್ನ ಗಂಡನಿಗೂ ಹೇಳದೇ ಇದ್ದದ್ದನ್ನು ಬರೆಯುತ್ತೇನೆ. ಓದಿ ನನ್ನನ್ನು ಏನೆಂದುಕೊಂಡರೂ ಸರಿ.

ಡಾಕ್ಟರ್ ಫೋಗ್ಟ್ ನನಗೆ ಹಳೆಯ ಜರ್ಮನ್ ಕೈಬರಹ ಓದಲು ಕಲಿಸುತ್ತಿದ್ದರು. ಓದಲು ಪುಸ್ತಕವಿಲ್ಲ, ಒಲೆಗೆ ಹಾಕಲು ತಂದಿಟ್ಟ ರದ್ದಿಯೇ ಪುಸ್ತಕ. ೧೯೪೭ರ ಫೆಬ್ರುವರಿಯ ಒಂದು ಬೆಳಿಗ್ಗೆ ಅವರು ನೆಲಮನೆಯಿಂದ ತಂದ ಕಟ್ಟಿನಲ್ಲಿ ೧೯೪೨ರ ಒಂದು ತರಗತಿಯ ಹಾಜರಿ ಪುಸ್ತಕವಿತ್ತು. ಇಲ್ಲಿ ಅದರಲ್ಲಿ ಹಾಜರಿಯಷ್ಟೇ ಅಲ್ಲ, ದಿನ ದಿನ ತರಗತಿಯಲ್ಲಿ ನಡೆದದ್ದನ್ನೂ ಮಾಸ್ತರರು ಬರೆಯುತ್ತಾರೆ. ನಾನು ಒಂದು ಪುಟ ತೆಗೆದು ಬೆರಳಿಟ್ಟು ಒಂದೊಂದೇ ಅಕ್ಷರ ಕೂಡಿಸಿ ಜೋರಾಗಿ ಓದಿದೆ: "ಲೀಸೆಲ್ ಬಾವರ್ ತನ್ನ ತಂದೆ ಮನೆಯಲ್ಲಿ ಲಂಡನ್ ರೇಡಿಯೋ ಕೇಳುತ್ತಾರೆಂದು ಹೇಳಿದಳು. ಮೇಲಿನವರಿಗೆ ತಿಳಿಸಲಾಗಿದೆ." ಕೆಳಗೆ ಫೋಗ್ಟ್ ಅವರ ಸಹಿ.

ತಪ್ಪಿಲ್ಲದೆ ಓದಿದೆನೆಂದು ನನಗೆ ಹೆಮ್ಮೆ. ಅವರ ಮುಖ ನೋಡಿದೆ. "ಚೆನ್ನಾಗಿ ಓದಿದೆ. ಇನ್ನು ಒಲೆಗೆ ಹಾಕು" ಎಂದರು. ಹಾಕಿದೆ. ಅವತ್ತು ಬ್ರೆಡ್ಡಿನಲ್ಲಿ ಅರ್ಧವಲ್ಲ, ಪೂರ್ತಿ ಕೊಟ್ಟರು.

ಆಗ ನನಗೆ ಹನ್ನೊಂದು ವರ್ಷ, ಏನೂ ತಿಳಿಯಲಿಲ್ಲ ಎಂದು ನೀನು ಹೇಳಬಹುದು. ಆದರೆ ವಿಚಾರಣೆ ಅಕ್ಟೋಬರಿನಲ್ಲಿ. ಅಷ್ಟರೊಳಗೆ ತಿಳಿದಿತ್ತು. ಹಿಟ್ಲರನ ಕಾಲದಲ್ಲಿ ಶತ್ರುಗಳ ರೇಡಿಯೋ ಕೇಳುವುದು ದೊಡ್ಡ ಅಪರಾಧ. ಅದಕ್ಕೇ ಲೀಸೆಲ್‌ಳ ಅಪ್ಪನನ್ನು ೧೯೪೨ರಲ್ಲಿ ಹಿಡಿದುಕೊಂಡು ಹೋಗಿದ್ದರು, ಆತ ತಿರುಗಿ ಬರಲಿಲ್ಲ. ಅವಳ ಅವ್ವ ಊರವರ ಬಟ್ಟೆ ಒಗೆದು ಬದುಕುತ್ತಿದ್ದಳು. ಆಕೆ ಎಲ್ಲರೆದುರು ಎದ್ದು ನಿಂತು, ಗಂಡನನ್ನು ಹಿಡಿಸಿಕೊಟ್ಟವನು ಫೋಗ್ಟ್, ಹಾಜರಿ ಪುಸ್ತಕ ತೆಗೆಸಿ ನೋಡಿರಿ ಎಂದಳು. ಹುಡುಕಿದರು. ಇರಲಿಲ್ಲ. ಗಂಡನನ್ನು ಕಳೆದುಕೊಂಡ ಸಂಕಟದಲ್ಲಿ ಏನೋ ಹೇಳುತ್ತಾಳೆ ಎಂದರು. ಸುಳ್ಳಿ ಎಂಬ ಹೆಸರು ಬಂತು. ಬಟ್ಟೆ ಕೊಡುವವರು ಕಡಿಮೆಯಾದರು. ಆಕೆ ಅದೇ ಹೆಸರು ಹೊತ್ತುಕೊಂಡೇ ಸತ್ತಳು.

ಇನ್ನೊಂದಿದೆ. ಫೋಗ್ಟ್ ಒಳ್ಳೆಯವರೆಂದು ನಮ್ಮ ತರಗತಿಯ ಇಪ್ಪತ್ತಮೂರು ಹುಡುಗಿಯರು ವಿಚಾರಣೆಗೆ ಒಂದು ಪತ್ರ ಕೊಟ್ಟೆವು. ಆಗ ಊರೂರಲ್ಲಿ ಅದೇ ರೂಢಿ, ಎಲ್ಲರೂ ಎಲ್ಲರಿಗೂ ಒಳ್ಳೆಯತನದ ಚೀಟಿ ಬರೆದುಕೊಡುತ್ತಿದ್ದರು. ಆ ಪತ್ರ ಬರೆದವಳು ನಾನು. ಅಕ್ಷರ ಅಂದವಾಗಿದೆ ಎಂದು ನನಗೇ ಕೊಟ್ಟಿದ್ದರು. ಅಕ್ಷರ ಕಲಿಸಿದವರು ಯಾರೆಂದು ನಿನಗೆ ಗೊತ್ತು. ಪತ್ರದಲ್ಲಿ ಒಂದು ಮಾತೂ ಸುಳ್ಳಿರಲಿಲ್ಲ.

ಅವರು ನನಗೆ ಒಳ್ಳೆಯವರೇ ಆಗಿದ್ದರು. ಅದನ್ನು ನೆಪ ಮಾಡಿಕೊಂಡು ಎಪ್ಪತ್ತೇಳು ವರ್ಷ ಸುಮ್ಮನಿದ್ದೆ. ಲೀಸೆಲ್ ಇದೇ ಊರಿನಲ್ಲಿದ್ದಾಳೆ. ಪ್ರತಿ ಭಾನುವಾರ ಚರ್ಚಿನಲ್ಲಿ ನನ್ನ ಮುಂದಿನ ಮೂರನೇ ಸಾಲು. ನನ್ನನ್ನು ಕಂಡರೆ ನಗುತ್ತಾಳೆ. ಹೇಳಿದರೆ ಅವಳ ಬಾಲ್ಯದ ಮಾತೇ ಅಪ್ಪನನ್ನು ಕೊಂದಿತೆಂದು ಅವಳಿಗೆ ಗೊತ್ತಾಗುತ್ತದೆ, ಅವಳಿಗೋಸ್ಕರ ಸುಮ್ಮನಿದ್ದೇನೆ ಎಂದು ಹೇಳಿಕೊಳ್ಳುತ್ತಿದ್ದೆ. ಮಗಳಿಗೋಸ್ಕರ ಎಂದು ನೀನು ಬರೆದದ್ದನ್ನು ಓದಿದಾಗ ನನ್ನದೇ ದನಿ ಕೇಳಿಸಿತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡಂತೆ ನಾನು ನಿನಗೆ ಚಿಕ್ಕ ಕಾಗದ ಬರೆದು ಜಾರಿಕೊಂಡಿದ್ದೆ.

ನನ್ನ ಪುಟ ಬೂದಿಯಾಯಿತು. ನಿನ್ನದು ಸೂಟ್‌ಕೇಸಿನಲ್ಲಿ ಇನ್ನೂ ಇದೆ. ಬೀಗದ ಕೈ ನಿನ್ನ ಬಳಿಯೇ ಇದೆ. ಹದಿನಾಲ್ಕರೊಳಗೆ ಸಿಗಲೆಂದು ಇದನ್ನು ತುರ್ತು ಅಂಚೆಗೆ ಹಾಕುತ್ತಿದ್ದೇನೆ.

ಹನ್ನಾ

*

ಮಾನ್ಮತ್ ಜಂಕ್ಷನ್
೩೦ ಮೇ ೨೦೨೪

ಪ್ರೀತಿಯ ಹನ್ನಾ ಅತ್ತೆ,

ನಿಮ್ಮ ಕಾಗದ ಹದಿನಾರಕ್ಕೆ ಬಂತು. ಅಷ್ಟರಲ್ಲಿ ವಿಚಾರಣೆ ಮುಗಿದು, ಡೇನಿಯಲ್ ಲ್ಯಾಬಿನ ನಿಯಮ ಮುರಿದ ಎಂದು ಬರೆದುಬಿಟ್ಟಿದ್ದರು. ಸಮಯಕ್ಕೆ ಬಂದಿದ್ದರೆ ನಾನು ಧೈರ್ಯ ಮಾಡುತ್ತಿದ್ದೆನೋ ಇಲ್ಲವೋ, ಗೊತ್ತಿಲ್ಲ. ನಿಮ್ಮ ಹತ್ತಿರ ಇನ್ನು ಸುಳ್ಳು ಹೇಳುವುದಿಲ್ಲ.

ಕಾಗದವನ್ನು ಅನಿಕಾಗೆ ಓದಿ ಹೇಳಿದೆ. ಪೂರ್ತಿ ಓದಿದ ಮೇಲೆ ಸೂಟ್‌ಕೇಸ್ ತೆಗೆದು ಅವಳ ಕೈಗೆ ನೋಟ್‌ಬುಕ್ ಕೊಟ್ಟೆ. ಅವಳು ಮೊದಲು ಆ ಪುಟ ಇದೆಯಾ ಎಂದು ನೋಡಿದಳು. ನಾನು ಹರಿದಿರಬಹುದು ಎಂದು ನನ್ನ ಮಗಳಿಗೆ ಅನ್ನಿಸಿತ್ತು, ಅತ್ತೆ. ಅದು ನನ್ನ ಎದೆಯಲ್ಲಿ ಕೂತುಬಿಟ್ಟಿದೆ.

ಮರುದಿನ ಡೇನಿಯಲ್ಲನ ಮನೆಗೆ ಹೋದೆವು. ಅವನ ತಾಯಿ ಆ ಪುಟವನ್ನು ಎರಡು ಸಲ ಓದಿ, "ದೆನ್ ವೈ ಡಿಡ್ ಯು ಸೇ ನೋ?" ಎಂದು ನನ್ನನ್ನು ಕೇಳಿದಳು. ಕಳೆದ ವಾರ ಸ್ಕೂಲ್ ಬೋರ್ಡ್ ಮೀಟಿಂಗ್ ಇತ್ತು, ಅಲ್ಲಿ ಊರವರಿಗೆ ಮಾತಾಡಲು ತಲಾ ಮೂರು ನಿಮಿಷ ಕೊಡುತ್ತಾರೆ. ಅನಿಕಾ ಎದ್ದು ಆ ಪುಟವನ್ನು ಓದಿದಳು, ಸಮಯ, ಸಹಿ ಎಲ್ಲ. ಆಮೇಲೆ ನಾನು ಎದ್ದು, ನೋಟ್‌ಬುಕ್ ಇಷ್ಟು ದಿನ ಬಚ್ಚಿಟ್ಟವಳು ನಾನು ಎಂದೆ. ನಮ್ಮ ಪರಿಚಯದ ಅಂಕಲ್ ಆಂಟಿಯರೆಲ್ಲ ಅಲ್ಲಿದ್ದರು. ಹೊರಗೆ ಯಾರೂ ಮಾತಾಡಿಸಲಿಲ್ಲ. ಮತ್ತೆ ವಿಚಾರಣೆ ಮಾಡುತ್ತಾರಂತೆ. ಮಿಸ್ಟರ್ ಹ್ಯಾಲರನ್ ರಜೆಯ ಮೇಲಿದ್ದಾರೆ. ಶಿಫಾರಸು ಪತ್ರದ ಮಾತು ಮುಗಿಯಿತು.

ಅನಿಕಾ ಇನ್ನೂ ನನ್ನೊಂದಿಗೆ ಹೆಚ್ಚು ಮಾತಾಡುವುದಿಲ್ಲ. ನಿನ್ನೆ ಮಾತ್ರ, ತಟ್ಟೆ ತೊಳೆಯುತ್ತಾ, "ಡಸ್ ಲೀಸೆಲ್ ನೋ?" ಎಂದು ಕೇಳಿದಳು.

ಸೌಜನ್ಯಾ

*

೧೮ ಜೂನ್ ೨೦೨೪

ಸೌಜನ್ಯಾ ಮಗಳೇ,

ಅನಿಕಾಳ ಪ್ರಶ್ನೆಗೆ ಉತ್ತರ: ಈಗ ಗೊತ್ತು.

ಹೋದ ಮಂಗಳವಾರ ಕೋಲು ಹಿಡಿದು ಅವಳ ಮನೆಗೆ ಹೋದೆ. ಅವಳಿಗೆ ತೊಂಬತ್ತೆರಡು. ಕಾಫಿ ಸೋಸಿ ಕೊಟ್ಟಳು. ಅದನ್ನು ಕುಡಿಯುವ ಮುಂಚೆಯೇ ಹೇಳಿದೆ, ಕುಡಿದ ಮೇಲೆ ಹೇಳುವುದು ಮೋಸವೆನಿಸಿತು. ಆ ಎರಡು ಸಾಲನ್ನು ಓದಿದ ಹಾಗೇ ಹೇಳಿದೆ. "ಮತ್ತೊಮ್ಮೆ ಹೇಳು" ಎಂದಳು. ಹೇಳಿದೆ. ಮತ್ತೊಮ್ಮೆ ಎಂದಳು. ಮೂರು ಸಲ ಹೇಳಿಸಿದಳು.

"ನಾನು ಹೇಳಿದ್ದು ನನಗೆ ನೆನಪಿದೆ. ಹತ್ತು ವರ್ಷದ ಹುಡುಗಿ, ನಮ್ಮಪ್ಪನ ರೇಡಿಯೋ ದೊಡ್ಡದು ಎಂದು ಜಂಬ ಕೊಚ್ಚಿಕೊಂಡೆ" ಎಂದಳು. "ನನ್ನ ಮಾತಿನಿಂದಲೇ ಎಂದು ನನಗೆ ಯಾವಾಗಲೂ ಗೊತ್ತಿತ್ತು. ಅವ್ವ ಸುಳ್ಳು ಹೇಳಿರಲಿಲ್ಲ ಎಂದು ತೋರಿಸಲು ಮಾತ್ರ ನನ್ನ ಬಳಿ ಏನೂ ಇರಲಿಲ್ಲ."

ಅವಳನ್ನು ಕಾಪಾಡುತ್ತಿದ್ದೇನೆಂದು ನಾನು ಎಪ್ಪತ್ತೇಳು ವರ್ಷ ನಂಬಿದ್ದೆ. ಅವಳಿಗೆ ಕಾಪಾಡುವವರು ಬೇಕಿರಲಿಲ್ಲ, ಸಾಕ್ಷಿ ಬೇಕಿತ್ತು.

ಒಳಗಿನಿಂದ ಹಾಳೆ, ಪೆನ್ನು ತಂದಿಟ್ಟಳು. "ಬರೆ. ಸಹಿ ಹಾಕು. ತಾರೀಖು ಹಾಕು." ಪುಸ್ತಕ ಇತ್ತೆಂದೂ, ಓದಿದೆನೆಂದೂ, ಸುಟ್ಟೆನೆಂದೂ ಬರೆದೆ. ಅಕ್ಷರ ಕೆಟ್ಟಿತ್ತು. ಅವಳು ಅದನ್ನು ಓದಿ, ಮಡಿಸಿ, ಗೋಡೆಯ ಮೇಲಿದ್ದ ತನ್ನ ಅವ್ವನ ಪಟದ ಚೌಕಟ್ಟಿನ ಹಿಂದೆ ಸಿಕ್ಕಿಸಿದಳು. "ಇನ್ನು ನೀನು ಹೋಗು" ಎಂದಳು. ಕಾಫಿ ಹಾಗೇ ಉಳಿಯಿತು.

ಅನಿಕಾಳಿಗೆ ಹೇಳು: ಒಲೆಯ ಮಾಸ್ತರರ ಬಗ್ಗೆ ನಾನು ಮೊದಲು ಬರೆದದ್ದನ್ನು ಅಳಿಸುವುದು ಬೇಡ. ಬ್ರೆಡ್ಡು ಕೊಟ್ಟದ್ದೂ ನಿಜ, ಅಕ್ಷರ ಕಲಿಸಿದ್ದೂ ನಿಜ. ಕೆಳಗೆ ಇದನ್ನು ಬರೆದು ತಾರೀಖು ಹಾಕಲಿ.

ಭಾನುವಾರ ಚರ್ಚಿಗೆ ಹೋದೆ, ನನ್ನ ಜಾಗದಲ್ಲೇ ಕೂತೆ. ಲೀಸೆಲ್ ಬಂದು ಮೂರು ಸಾಲು ಮುಂದೆ ಕೂತಳು. ನನ್ನನ್ನು ನೋಡಿದಳು, ನಗಲಿಲ್ಲ. ಈ ಊರಿಗೆ ಬಂದ ಮೇಲೆ ಯಾರೋ ಒಬ್ಬರು ನನ್ನನ್ನು ನಾನು ಇದ್ದ ಹಾಗೆ ನೋಡಿದ್ದು ಅದೇ ಮೊದಲು.

ನಿನ್ನ
ಹನ್ನಾ ಅತ್ತೆ